ಎಡಿನ್‌ಬರಾದಿಂದ ಒಂದು ದಿನದ ಟೂರ್: ಕೋಟೆನೂ ಬೇಕು, ವಿಸ್ಕಿನೂ ಬೇಕು. ಯಾವುದು ಹಿಡಿಯೋಣ?

ಸಾಧನಕೇರಿ ದಂಡೆ

ಎಲ್ಲರಿಗೂ ನಮಸ್ಕಾರ. ಅಕ್ಕ, ಭಾವ ಎಡಿನ್‌ಬರಾದಲ್ಲಿದ್ದಾರೆ. ಮೇ ತಿಂಗಳಲ್ಲಿ ಅಪ್ಪ, ಅವ್ವನ್ನ ಕರ್ಕೊಂಡು ಅಲ್ಲಿಗೆ ಹೊರಟಿದ್ದೇನೆ. ಅಪ್ಪ ಹೈಸ್ಕೂಲಿನಲ್ಲಿ ಇತಿಹಾಸ ಕಲಿಸಿ ರಿಟೈರ್ ಆದವರು. ಕುಡಿಯೋದಿಲ್ಲ, ಆದರೆ ಕುಡಿಯೋರ ಮೇಲೆ ಸಿಟ್ಟೂ ಇಲ್ಲ. ಭಾವನಿಗೂ ನನಗೂ ಸಿಂಗಲ್ ಮಾಲ್ಟ್ (ಒಂದೇ ಡಿಸ್ಟಿಲರಿಯಲ್ಲಿ, ಮಾಲ್ಟ್ ಅಂದ್ರೆ ಮೊಳಕೆ ಬರಿಸಿದ ಬಾರ್ಲಿಯಿಂದಷ್ಟೇ ಮಾಡಿದ ವಿಸ್ಕಿ) ಹುಚ್ಚು ಸ್ವಲ್ಪ ಜಾಸ್ತಿ. ಅವ್ವನದು ಒಂದೇ ಬೇಡಿಕೆ: ದಿನವಿಡೀ ಬಸ್ಸಲ್ಲಿ ಕೂರಿಸಬೇಡ.

ಬೆಳಿಗ್ಗೆ ಹೊರಟು ಸಂಜೆ ವಾಪಸ್ ಬಿಡುವ, ಗೈಡ್ ಇರುವ ಟೂರ್‌ಗಳು ರಾಶಿ ಇವೆ. ನನ್ನ ಕಣ್ಣಿಗೆ ಬಿದ್ದಿದ್ದು ಮೂರು ತರಹ. ಒಂದು, ಲಾಕ್ ನೆಸ್ ಸರೋವರದ ತನಕ ಹೋಗಿ ಬರುವುದು, ದಾರಿಯಲ್ಲಿ ವಿಸ್ಕಿ. ಎರಡು, ಸ್ಟರ್ಲಿಂಗ್ ಕೋಟೆ, ಲಾಕ್ ಲೊಮಂಡ್ ಸರೋವರ, ಒಂದು ಡಿಸ್ಟಿಲರಿ. ಮೂರು, ಫೈಫ್ ಸೀಮೆ ಕಡೆ ಸೇಂಟ್ ಆಂಡ್ರೂಸ್ ಊರು ಮತ್ತು ಅಲ್ಲೇ ಹತ್ತಿರ ಒಂದು ಡಿಸ್ಟಿಲರಿ. ಎಲ್ಲದರ ಜಾಹೀರಾತೂ ಒಂದೇ ತರ ಇದೆ, ಹಸಿರು ಗುಡ್ಡ, ಕೂದಲು ಮುಖಕ್ಕೆ ಬಿದ್ದಿರೋ ಹಸು, ಕೈಯಲ್ಲಿ ಗ್ಲಾಸು.

ಹೋಗಿ ಬಂದವರು ಯಾರಾದ್ರೂ ಇದ್ದರೆ ಹೇಳ್ರಿ. ಅಥವಾ ಭಾವನ ಕಾರಲ್ಲೇ ಹೋದ್ರೆ ಸಾಕಾ?

ಉಣಕಲ್ ಹಳೇ ಹುಲಿ

ನಾನು ಗ್ಲಾಸ್ಗೋದಲ್ಲಿ ಬಹಳ ವರ್ಷ ಕೆಲಸ ಮಾಡಿ ಈಗ ಹುಬ್ಬಳ್ಳಿಗೆ ಬಂದು ಕೂತಿದ್ದೇನೆ. ಊರಿಂದ ಬಂದ ನೆಂಟರನ್ನೆಲ್ಲ ಇಂಥ ಟೂರಿಗೆ ಹತ್ತಿಸಿದವನು. ಹಾಗಾಗಿ ಸ್ವಲ್ಪ ಉದ್ದ ಬರೀತೀನಿ, ಸಹಿಸಿಕೊಳ್ಳಿ.

ಮೊದಲು ಕಾರಿನ ಮಾತು. ಭಾವ ಓಡಿಸಿದರೆ ಭಾವನಿಗೆ ವಿಸ್ಕಿ ಇಲ್ಲ. ಸ್ಕಾಟ್ಲೆಂಡಿನಲ್ಲಿ 2014ರ ಡಿಸೆಂಬರ್‌ನಿಂದ ಮಿತಿ 100 ಎಂಎಲ್ ರಕ್ತಕ್ಕೆ 50 ಮಿಲಿಗ್ರಾಂ. ಪಕ್ಕದ ಇಂಗ್ಲೆಂಡಿನಲ್ಲಿ ಅದು 80. ಸ್ಕಾಟ್ಲೆಂಡಿನವರು ಬೇಕಂತಲೇ ಬಿಗಿ ಮಾಡಿದ್ದಾರೆ. ಡಿಸ್ಟಿಲರಿಯವರಿಗೂ ಇದು ಗೊತ್ತು. ಗಾಡಿ ಓಡಿಸುವವರ ಪಾಲನ್ನು ಪುಟ್ಟ ಬಾಟಲಿಗೆ ತುಂಬಿ ಕೊಡ್ತಾರೆ, ಮನೆಗೆ ಹೋಗಿ ಕುಡಿಯಬಹುದು. ಆದರೆ ನಾಲ್ಕು ಜನ ಗ್ಲಾಸು ತಿರುಗಿಸ್ತಾ ಇರೋವಾಗ ಬಾಟಲಿ ಜೇಬಲ್ಲಿ ಇಟ್ಕೊಂಡು ಕೂರೋದು ಶಿಕ್ಷೆನೇ. ಟೂರ್ ಹಿಡೀರಿ.

ಲಾಕ್ ನೆಸ್ ಟೂರ್ ಬಿಟ್ಟುಬಿಡಿ. ಹೋಗಿ ಬರೋಕೆ 12 ತಾಸು, ಅದರಲ್ಲಿ ಮುಕ್ಕಾಲು ಪಾಲು ಸೀಟಿನ ಮೇಲೆ. ನಿಮ್ಮ ಅವ್ವನ ಮಾತು ಅಲ್ಲೇ ಮುರಿದಂಗೆ.

ಉಳಿದದ್ದು ಎರಡು. ಇದನ್ನು ಆರಿಸೋಕೆ ನನ್ನದೊಂದು ಲೆಕ್ಕ ಇದೆ. ಜಾಹೀರಾತಲ್ಲಿ ಎಷ್ಟು ಜಾಗದ ಹೆಸರಿದೆ ಅಂತ ನೋಡಬೇಡಿ. ಪ್ರತಿ ಜಾಗದಲ್ಲಿ ಎಷ್ಟು ನಿಮಿಷ ಬಿಡ್ತಾರೆ ಅಂತ ಕೇಳಿ. ಸ್ಟರ್ಲಿಂಗ್ ಕೋಟೆಗೆ ಎರಡು ತಾಸಾದ್ರೂ ಬೇಕು. ಕೆಲವರು ಕೋಟೆ ಮುಂದಿನ ಬಯಲಲ್ಲಿ ಇಳಿಸಿ "ಫೋಟೋ ತಗೊಳ್ಳಿ, 20 ನಿಮಿಷ" ಅಂತಾರೆ. ಜಾಹೀರಾತಲ್ಲಿ ಅದೂ "ಸ್ಟರ್ಲಿಂಗ್ ಕೋಟೆ" ಅಂತಲೇ ಇರುತ್ತೆ. ಒಂದು ಕಂಪನಿಯವರು ನಮ್ಮ ಅತ್ತೆ-ಮಾವನಿಗೆ ಹೀಗೇ ಮಾಡಿ, ಉಳಿಸಿದ ಸಮಯವನ್ನೆಲ್ಲ ಒಂದು ಉಣ್ಣೆ ಅಂಗಡಿಯಲ್ಲಿ ಕಳೆದರು. ಟಿಕೆಟ್ ದರದಲ್ಲಿ ಕೋಟೆಯ ಪ್ರವೇಶ, ಡಿಸ್ಟಿಲರಿಯ ಪ್ರವೇಶ ಸೇರಿದೆಯೋ ಇಲ್ಲವೋ ಅದನ್ನೂ ಕೇಳಿ. ಬಹಳ ಕಡೆ ಸೇರಿರೋದಿಲ್ಲ. ಕೋಟೆಗಳನ್ನು ನೋಡಿಕೊಳ್ಳುವ ಸರ್ಕಾರಿ ಸಂಸ್ಥೆಯ ಎಕ್ಸ್‌ಪ್ಲೋರರ್ ಪಾಸ್ ತಗೊಂಡ್ರೆ ಎಡಿನ್‌ಬರಾ, ಸ್ಟರ್ಲಿಂಗ್, ಡೂನ್ ಮೂರೂ ಕೋಟೆ ಅದರಲ್ಲೇ ಬರುತ್ತವೆ.

ಬ್ಯಾಡಗಿ ಖಾರ

ಅಲ್ರೀ, ನೇರ ಕೇಳ್ತೀನಿ, ಬೇಜಾರಾಗಬೇಡಿ. ಇತಿಹಾಸಕ್ಕೂ ದಾರೂಗೂ ಏನ್ರೀ ಸಂಬಂಧ? ಕುಡಿಯೋಕೆ ಒಂದು ನೆಪ ಬೇಕು, ಅದಕ್ಕೆ ಕೋಟೆ ಅಂಟಿಸಿದ್ದಾರೆ ಅಷ್ಟೇ. ಲಕ್ಕುಂಡಿ ನೋಡಿದೀರಾ ಮೊದಲು? ಗದಗದಿಂದ 11 ಕಿಲೋಮೀಟರ್. ಅಲ್ಲಿ ಯಾರೂ ಗ್ಲಾಸು ಕೊಡಲ್ಲ, ಅದಕ್ಕೇ ಯಾರೂ ಹೋಗಲ್ಲ.

ಉಣಕಲ್ ಹಳೇ ಹುಲಿ

ಖಾರದವರೇ, ಒಳ್ಳೆ ಪ್ರಶ್ನೆ. ಬಹಳಷ್ಟು ಟೂರ್‌ಗಳ ವಿಷಯದಲ್ಲಿ ನೀವು ಹೇಳಿದ್ದು ಸರಿನೇ. ಕೋಟೆ ಬೇರೆ, ಗ್ಲಾಸು ಬೇರೆ, ನಡುವೆ ಬಸ್ಸು. ಆದರೆ ಗೈಡ್ ಸರಿ ಇದ್ದರೆ ಎರಡೂ ಒಂದೇ ಕಥೆ. ಹೇಗೆ ಅಂತ ಹೇಳ್ತೀನಿ ಕೇಳಿ.

ಸ್ಕಾಟ್ಲೆಂಡಿನಲ್ಲಿ ಈ ಪದಾರ್ಥದ ಬಗ್ಗೆ ಸಿಕ್ಕ ಅತಿ ಹಳೆಯ ಬರಹ 1494ರದ್ದು. ಅದು ಕವಿತೆ ಅಲ್ಲ, ಶಾಸನ ಅಲ್ಲ. ಅರಮನೆಯ ಖಜಾನೆ ಲೆಕ್ಕದ ಒಂದು ಸಾಲು. ರಾಜನ ಆಜ್ಞೆ ಮೇರೆಗೆ, ಆಕ್ವಾ ವೀಟೆ (ಲ್ಯಾಟಿನ್‌ನಲ್ಲಿ ಜೀವಜಲ, ವಿಸ್ಕಿಯ ಹಳೇ ಹೆಸರು) ತಯಾರಿಸಲು, ಜಾನ್ ಕೋರ್ ಎಂಬ ಸನ್ಯಾಸಿಗೆ ಎಂಟು ಬೋಲ್ ಮಾಲ್ಟ್ ಕೊಟ್ಟಿದ್ದು. ಬೋಲ್ ಅಂದ್ರೆ ಅವರ ಹಳೇ ಧಾನ್ಯದ ಅಳತೆ. ನಮ್ಮ ಖಂಡುಗ, ಕೊಳಗ ಇದ್ದ ಹಾಗೆ ಅಂದ್ಕೊಳ್ಳಿ. ಆ ರಾಜ ಜೇಮ್ಸ್ 4. ಈಗ ಸ್ಟರ್ಲಿಂಗ್ ಕೋಟೆಯ ಒಳಗೆ ಹೋಗಿ. ದೂರದಿಂದಲೇ ಹಳದಿ ಹೊಳೆಯುವ ಒಂದು ದೊಡ್ಡ ಸಭಾಮಂಟಪ ಕಾಣುತ್ತೆ. 1503ರ ಹೊತ್ತಿಗೆ ಕಟ್ಟಿದ್ದು. ಕಟ್ಟಿಸಿದವನು ಅದೇ ಜೇಮ್ಸ್ 4.

ಅವನಿಗೆ ವೈದ್ಯ, ರಸವಿದ್ಯೆ ಎರಡರ ಹುಚ್ಚೂ ಇತ್ತು. ಆಸ್ಥಾನದಲ್ಲಿ ಜಾನ್ ಡೇಮಿಯನ್ ಅಂತ ಒಬ್ಬ ರಸವಾದಿ ಇದ್ದ. ಬಂಗಾರ ಮಾಡ್ತೀನಿ ಅಂತ ಹೇಳಿ ರಾಜನ ದುಡ್ಡು ಕರಗಿಸಿದವನು. ಅವನ ಕುಲುಮೆಯ ಖರ್ಚಿನ ಲೆಕ್ಕದಲ್ಲೂ ಆಕ್ವಾ ವೀಟೆ ಬರುತ್ತೆ. ಇದೇ ಮನುಷ್ಯ 1507ರಲ್ಲಿ ರೆಕ್ಕೆ ಕಟ್ಟಿಕೊಂಡು ಸ್ಟರ್ಲಿಂಗ್ ಕೋಟೆ ಗೋಡೆಯಿಂದ ಫ್ರಾನ್ಸಿಗೆ ಹಾರ್ತೀನಿ ಅಂತ ಹಾರಿದನಂತೆ. ಕೆಳಗೆ ಬಿದ್ದು ತೊಡೆ ಮುರ್ಕೊಂಡ. ರೆಕ್ಕೆಯಲ್ಲಿ ಕೋಳಿ ಪುಕ್ಕ ಸೇರಿತ್ತು, ಕೋಳಿಗೆ ತಿಪ್ಪೆ ಮೇಲೇ ಆಸೆ, ಅದಕ್ಕೇ ಕೆಳಕ್ಕೆ ಎಳೀತು ಅಂತ ಸಮಜಾಯಿಷಿ ಬೇರೆ ಕೊಟ್ಟನಂತೆ.

1505ರಲ್ಲಿ ಎಡಿನ್‌ಬರಾದ ಕ್ಷೌರಿಕ-ಶಸ್ತ್ರವೈದ್ಯರ ಸಂಘಕ್ಕೆ ಆ ಊರಿನಲ್ಲಿ ಆಕ್ವಾ ವೀಟೆ ಮಾಡಿ ಮಾರುವ ಹಕ್ಕು ಸಿಕ್ಕಿತು. ಅಂದ್ರೆ ಆಗ ಅದು ಔಷಧಿ ಅಂಗಡಿಯ ಮಾಲು. ಇದನ್ನೆಲ್ಲ ಕೋಟೆಯ ಅಂಗಳದಲ್ಲಿ ನಿಲ್ಲಿಸಿ ಹೇಳಿ, ಮಧ್ಯಾಹ್ನ ಭಟ್ಟಿ ಮುಂದೆ ನಿಲ್ಲಿಸಿದ ಗೈಡ್ ಇದ್ದಾನಲ್ಲ, ಅವನಿಗೆ ಕೊಟ್ಟ ದುಡ್ಡು ವಸೂಲಿ.

ಇನ್ನು ಲಕ್ಕುಂಡಿ. ನಿಮ್ಮ ಸಿಟ್ಟು ನನಗೂ ಇದೆ. ಆದರೆ ಅಲ್ಲಿಗೆ ಜನ ಹೋಗ್ತಾರೆ, ಹೋಗಿ ಅರ್ಧ ತಾಸಲ್ಲಿ ವಾಪಸ್ ಬರ್ತಾರೆ. ಬ್ರಹ್ಮ ಜಿನಾಲಯ ಅತ್ತಿಮಬ್ಬೆ ಕಟ್ಟಿಸಿದ್ದು, 1007ರದ್ದು, ಆಕೆ ಯಾರು, ಯಾಕೆ ಕಟ್ಟಿಸಿದಳು ಅಂತ ಹೇಳುವ ಒಬ್ಬರು ಜೊತೆಗಿದ್ದರೆ ಅರ್ಧ ದಿನ ಸಾಲದು. ಕೊರತೆ ಗ್ಲಾಸಿನದಲ್ಲ, ಗೈಡಿನದು.

ಬ್ಯಾಡಗಿ ಖಾರ

ಕೋಳಿ ಪುಕ್ಕದ ಕಥೆ ಚೆನ್ನಾಗಿದೆ, ಅದಕ್ಕೆ ಸುಮ್ನಿದ್ದೀನಿ. 😄

ಗದಗ ಜಿನ್ನಿಂಗ್

ಹತ್ತಿ ವ್ಯಾಪಾರದ ಮನೆಯವನು ನಾನು. ನನ್ನ ಓಟು ಸ್ಟರ್ಲಿಂಗ್ ಕಡೆಯ ಟೂರಿಗೆ, ಅದರಲ್ಲೂ ಡೀನ್‌ಸ್ಟನ್ ಡಿಸ್ಟಿಲರಿಗೆ ಹೋಗುವುದಕ್ಕೆ. ಕಾರಣ ವಿಸ್ಕಿ ಅಲ್ಲ.

ಡೀನ್‌ಸ್ಟನ್ ಮೊದಲು ಹತ್ತಿ ಗಿರಣಿ. 1785ರಲ್ಲಿ ಟೀತ್ ನದಿ ದಂಡೆಯಲ್ಲಿ ಶುರುವಾಗಿದ್ದು. ನದಿ ನೀರಿನಿಂದ ದೊಡ್ಡ ದೊಡ್ಡ ಚಕ್ರ ತಿರುಗಿಸಿ ನೂಲು ತೆಗೀತಿದ್ದರು. 1965ರಲ್ಲಿ ಗಿರಣಿ ಮುಚ್ಚಿತು. ಆಮೇಲೆ ಅದೇ ಕಟ್ಟಡದಲ್ಲಿ ಭಟ್ಟಿ ಇಟ್ಟರು. ಹೊರಗಿಂದ ನೋಡಿದರೆ ಈಗಲೂ ಗಿರಣಿನೇ. ಸಾಲು ಕಿಟಕಿ, ಎತ್ತರದ ಗೋಡೆ. ಡಿಸ್ಟಿಲರಿ ಅಂದ್ರೆ ಬಿಳಿ ಗೋಡೆ, ಗೋಪುರದ ತರ ಚಿಮಣಿ ಅಂತ ಫೋಟೋದಲ್ಲಿ ನೋಡಿ ಹೋದವರಿಗೆ ನಿರಾಸೆ ಆಗಬಹುದು. ನನಗಂತೂ ಹಳೇ ಹುಬ್ಬಳ್ಳಿ ಮಿಲ್ಲುಗಳು ನೆನಪಾದವು.

ಒಳಗೆ ಪೀಪಾಯಿ ಇಡುವ ಗೋದಾಮಿಗೆ ಕರ್ಕೊಂಡು ಹೋಗ್ತಾರೆ. ಅದು ಹಿಂದೆ ಮಗ್ಗದ ಶೆಡ್ಡು. ಮೇಲೆ ಕಮಾನಿನ ಛಾವಣಿ, ಒಳಗೆ ತಂಪು, ತೇವ. ಹತ್ತಿ ಎಳೆ ಒಣಗಿದರೆ ಪಟ್ ಪಟ್ ಅಂತ ಹರಿಯುತ್ತೆ, ಅದಕ್ಕೆ ಮಗ್ಗದ ಮನೆಯಲ್ಲಿ ತೇವ ಬೇಕು. ನಮ್ಮ ಕಡೆ ನೇಕಾರರು ಮಗ್ಗವನ್ನು ಕುಣಿಯಲ್ಲಿ ಇಡೋದಕ್ಕೂ ಇದೂ ಒಂದು ಕಾರಣ. ಅದೇ ತಂಪು, ಅದೇ ತೇವ ಪೀಪಾಯಿಗೂ ಒಳ್ಳೇದು ಅಂತ ಅವರಿಗೆ ಗೊತ್ತಾಯ್ತು. ನೂಲಿಗೆ ಕಟ್ಟಿದ ಮನೆಯಲ್ಲಿ ವಿಸ್ಕಿ ಮಲಗಿದೆ. ಕರೆಂಟು ಇವತ್ತಿಗೂ ಅದೇ ನದಿಯಿಂದ, ಚಕ್ರದ ಜಾಗಕ್ಕೆ ಟರ್ಬೈನ್ ಬಂದಿದೆ ಅಷ್ಟೇ.

ಇನ್ನೊಂದು ಹೇಳಲೇಬೇಕು. ಒಂದು ಕಾಲದಲ್ಲಿ ಚಿಲ್ಲರೆ ಸಿಗದೇ, ಡೀನ್‌ಸ್ಟನ್ ಗಿರಣಿಯವರು ವಿದೇಶಿ ಬೆಳ್ಳಿ ನಾಣ್ಯದ ಮೇಲೆ ತಮ್ಮ ಠಸ್ಸೆ ಒತ್ತಿ ಕೂಲಿ ಕೊಡ್ತಿದ್ದರು. ಲಕ್ಕುಂಡಿಯಲ್ಲೂ ಟಂಕಸಾಲೆ ಇತ್ತಲ್ಲ, ನಿಮ್ಮ ಅಪ್ಪಾರಿಗೆ ಖಂಡಿತ ಇಷ್ಟ ಆಗುತ್ತೆ. ಅಮೆರಿಕದ ಅಂತರ್ಯುದ್ಧದ ಕಾಲದಲ್ಲಿ, 1861ರಿಂದ 65ರವರೆಗೆ, ಬ್ರಿಟನ್ನಿನ ಗಿರಣಿಗಳಿಗೆ ಹತ್ತಿ ಬರ ಬಿದ್ದಾಗ ಧಾರವಾಡ ಸೀಮೆಯ ಹತ್ತಿಗೆ ಬಂಗಾರದ ಬೆಲೆ ಬಂದಿತ್ತು. ಕಾರವಾರ ಬಂದರನ್ನು ಅಭಿವೃದ್ಧಿ ಮಾಡಿದ್ದೂ ಈ ಹತ್ತಿ ಸಾಗಿಸೋಕೆ. ಹಾಗಾಗಿ ನಾವು ಅಲ್ಲಿಗೆ ಹೋಗೋದು ಬರೀ ಟೂರಿಸ್ಟ್ ಆಗಿ ಅಲ್ಲ ಅಂತ ನನ್ನ ವಾದ.

ಅಲ್ಲಿಂದ ಡೂನ್ ಕೋಟೆ ಹತ್ತಿರವೇ ಇದೆ. 14ನೇ ಶತಮಾನದ ಕೊನೆಯದು. ಸಿನಿಮಾ, ಸೀರಿಯಲ್ ಶೂಟಿಂಗ್ ಆಗಿದೆ ಅಂತ ಗೈಡ್‌ಗಳು ಅದನ್ನೇ ಹೇಳ್ತಾರೆ. ನೀವು ಅಡುಗೆಮನೆ ನೋಡಿ. ಒಲೆಯ ಬಾಯಿ ಒಳಗೆ ಇಡೀ ಎತ್ತು ನಿಲ್ಲುತ್ತೆ.

ಸಾಧನಕೇರಿ ದಂಡೆ

@ಗದಗ ಜಿನ್ನಿಂಗ್, ಅಣ್ಣಾ, ಅಪ್ಪನಿಗೆ ಓದಿ ಹೇಳಿದೆ. "ಕಾರವಾರದ ವಿಷಯ ನಾನೇ ಮಕ್ಕಳಿಗೆ ಕಲಿಸಿದ್ದೆ" ಅಂತ ಖುಷಿಯಾದ್ರು. ಈಗ ಅವರೇ ಡಿಸ್ಟಿಲರಿಗೆ ಹೋಗೋಣ ಅಂತಿದ್ದಾರೆ. ಭಾವ ಫೋನಲ್ಲಿ ನಕ್ಕಿದ್ದೇ ನಕ್ಕಿದ್ದು.

ಕುಡಿಯದವರು ಡಿಸ್ಟಿಲರಿಯಲ್ಲಿ ಏನು ಮಾಡ್ತಾರೆ? ಹೊರಗೆ ಕೂರಬೇಕಾ? ಮತ್ತೆ ಊಟ? ಅಪ್ಪ ಅವ್ವ ಇಬ್ಬರೂ ಶುದ್ಧ ಶಾಕಾಹಾರಿ.

ತೋಳನಕೆರೆ ಅಕ್ಕ

ಹೊರಗೆ ಯಾಕ್ರೀ ಕೂರಬೇಕು? ನಾನೂ ಕುಡಿಯಲ್ಲ, ಮನೆಯವರ ಜೊತೆ ಹೋಗಿದ್ದೆ, ನನಗೇ ಜಾಸ್ತಿ ಖುಷಿಯಾಗಿದ್ದು. ಒಳಗಿನ ಸುತ್ತಾಟ ಒಂದು ತಾಸಿನ ಆಸುಪಾಸು. ಮೊಳಕೆ ಬರಿಸಿ ಒಣಗಿಸಿದ ಬಾರ್ಲಿ ಕೈಗೆ ಕೊಡ್ತಾರೆ, ಬಾಯಿಗೆ ಹಾಕ್ಕೊಂಡ್ರೆ ಸಿಹಿ. ಅದನ್ನು ತರಿತರಿಯಾಗಿ ಬೀಸಿ, ಬಿಸಿ ನೀರಲ್ಲಿ ಕದಡಿ, ಸಿಹಿ ನೀರು ಬಸಿದುಕೊಳ್ತಾರೆ. ಆ ನೀರನ್ನು ದೊಡ್ಡ ತೊಟ್ಟಿಗೆ ಬಿಟ್ಟು ಯೀಸ್ಟ್ ಹಾಕ್ತಾರೆ. ಎರಡು ಮೂರು ದಿನ ಅದು ಕುದಿಯೋ ಹಾಗೆ ನೊರೆ ಏಳುತ್ತೆ. ಗೈಡಮ್ಮ ತೊಟ್ಟಿಯ ಮುಚ್ಚಳ ಸರಿಸಿ "ಮೂಗು ಹಾಕಿ ನೋಡಿ" ಅಂದಳು. ನಾನು ಇಡ್ಲಿ ಹಿಟ್ಟಿನ ಧೈರ್ಯದಲ್ಲಿ ಬಗ್ಗಿದೆ. ಆ ಗಾಳಿ ಮೂಗಿಗೆ ಹೊಡೆದ ರಭಸಕ್ಕೆ ಕಣ್ಣಲ್ಲಿ ನೀರು! ಇಂಗಾಲದ ಡೈಆಕ್ಸೈಡ್ ಅಂತೆ. ಹಿರಿಯರಿಗೆ ಮೊದಲೇ ಹೇಳಿಡಿ, ಜೋರಾಗಿ ಉಸಿರು ಎಳೀಬಾರದು.

ತಾಮ್ರದ ಭಟ್ಟಿಗಳ ಕೋಣೆ ಚಂದ. ಕೆಲವು ಕಡೆ ಅಲ್ಲಿ ಮೊಬೈಲ್ ಆಫ್ ಮಾಡಿಸ್ತಾರೆ, ಸಾರಾಯಿ ಆವಿ ಇರುತ್ತಲ್ಲ. ಕಬ್ಬಿಣದ ಮೆಟ್ಟಿಲು, ಜಾಲರಿ ನೆಲ. ಅವ್ವಾರಿಗೆ ಸೀರೆ ಬದಲು ಚೂಡಿದಾರ್, ಬೂಟು ಹಾಕ್ಸಿ.

ಗಾಡಿ ಓಡಿಸುವವರಿಗೆ ಪುಟ್ಟ ಬಾಟಲಿ ಕೊಡ್ತಾರೆ ಅಂತ ಉಣಕಲ್ ಅಣ್ಣಾವ್ರು ಹೇಳಿದ್ರಲ್ಲ, ಅದು ಕುಡಿಯದ ನನಗೂ ಸಿಕ್ತು. ಅದು ಯಾರ ಹೊಟ್ಟೆ ಸೇರಿತು ಅಂತ ಹೇಳಬೇಕಿಲ್ಲ. ಮಕ್ಕಳನ್ನು ಕರ್ಕೊಂಡು ಹೋಗೋರು ವಯಸ್ಸಿನ ನಿಯಮ ಮೊದಲೇ ಕೇಳಿ. ಎಂಟು ವರ್ಷದ ಒಳಗಿನವರನ್ನು ಯಂತ್ರಗಳ ಹತ್ತಿರ ಬಿಡದ ಡಿಸ್ಟಿಲರಿಗಳಿವೆ. ರುಚಿ ನೋಡೋಕೆ ಅಲ್ಲಿ 18 ಆಗಿರಬೇಕು.

ಊಟ: ಸ್ಕಾಚ್ ಬ್ರಾತ್ ಅಂತ ಬಾರ್ಲಿ, ತರಕಾರಿ ಸೂಪ್ ಎಲ್ಲ ಕಡೆ ಕಾಣುತ್ತೆ. ಹೆಸರು ನೋಡಿ ಮೋಸ ಹೋಗಬೇಡಿ, ಅದು ಸಾಮಾನ್ಯವಾಗಿ ಕುರಿ ಮಾಂಸದ್ದು. ಹ್ಯಾಗಿಸ್ ಅನ್ನೋದು ಕುರಿಯ ಒಳಭಾಗದ್ದು, ಆದರೆ ಬೇಳೆ, ಓಟ್ಸ್ ಹಾಕಿದ ಶಾಕಾಹಾರಿ ಹ್ಯಾಗಿಸ್ ಈಗ ಸುಮಾರು ಕಡೆ ಸಿಗುತ್ತೆ, ಖಾರ ಸ್ವಲ್ಪ ಇರುತ್ತೆ, ನನಗೆ ಹಿಡಿಸಿತು. ಬೇಡ ಅಂದ್ರೆ ಚಪಾತಿ, ಶೇಂಗಾ ಚಟ್ನಿ ಕಟ್ಕೊಂಡು ಹೋಗಿ. ಅಕ್ಕನ ಮನೆ ಇದೆಯಲ್ಲ.

ಒಂದು ಮುಖ್ಯ ವಿಷಯ: ಧಾರವಾಡ ಪೇಡೆ ಒಯ್ಯಬೇಡಿ! ಹಾಲಿನ ಪದಾರ್ಥವನ್ನು ನಮ್ಮ ದೇಶದಿಂದ ಬ್ರಿಟನ್ನಿಗೆ ಒಯ್ಯೋ ಹಾಗಿಲ್ಲ. ಸಿಕ್ಕರೆ ಕಸಕ್ಕೆ ಹೋಗುತ್ತೆ.

ಸಾಧನಕೇರಿ ದಂಡೆ

ಅಕ್ಕಾರೇ ಇದು ಅನ್ಯಾಯ. ಅಕ್ಕ ಕೇಳಿರೋದೇ ಪೇಡೆ.

ಔಷಧಿ ಅಂಗಡಿ ನವನಗರ

ಚಿಕ್ಕ ಮಾತು. ಜೊತೆಗೆ ಹೋಗೋ ಹಿರಿಯರಲ್ಲಿ ಯಾರಾದ್ರೂ ಒಂದು ಗುಟುಕು ನೋಡೋಣ ಅಂದ್ರೆ, ಶುಗರ್ ಮಾತ್ರೆ, ಬಿಪಿ ಮಾತ್ರೆ, ರಕ್ತ ತೆಳು ಮಾಡುವ ಮಾತ್ರೆ ತಗೊಳ್ಳೋರು ಮೊದಲು ತಮ್ಮ ಡಾಕ್ಟರನ್ನು ಕೇಳಲಿ. ಖಾಲಿ ಹೊಟ್ಟೆಯಲ್ಲಿ ಬೇಡವೇ ಬೇಡ. ಶುಗರ್ ದಿಢೀರ್ ಇಳಿಯುತ್ತೆ. ಬಹಳ ಟೂರ್‌ಗಳಲ್ಲಿ ಬೆಳಿಗ್ಗೆ 11ಕ್ಕೇ ಟೇಸ್ಟಿಂಗ್ ಇಟ್ಟಿರ್ತಾರೆ, ಊಟ ಆಮೇಲೆ. ಊಟ ಮೊದಲು ಇರೋ ಟೂರ್ ನೋಡಿ.

ಉಣಕಲ್ ಹಳೇ ಹುಲಿ

ಔಷಧಿಯವರು ಹೇಳಿದ್ದು ಸರಿ. ಇತಿಹಾಸದ ದೃಷ್ಟಿಯಿಂದಲೂ ಕೋಟೆ ಮೊದಲು, ಭಟ್ಟಿ ಆಮೇಲೆ ಇರಬೇಕು. ಕುಡಿದು ಕೋಟೆ ಹತ್ತಿದವರಿಗೆ ಜೇಮ್ಸ್ 4ನೂ ಒಂದೇ, ಜೇಮ್ಸ್ 5ನೂ ಒಂದೇ.

ಟೇಸ್ಟಿಂಗ್ ಬಗ್ಗೆ ಎರಡು ಮಾತು. ನಮ್ಮ ಕಡೆಯ 60 ಎಂಎಲ್ ಪೆಗ್ ತಲೆಯಿಂದ ತೆಗೆದುಬಿಡಿ. ಅಲ್ಲಿನ ಬಾರಲ್ಲೇ ಒಂದು ಅಳತೆ ಅಂದ್ರೆ 25 ಅಥವಾ 35 ಎಂಎಲ್. ಟೇಸ್ಟಿಂಗಲ್ಲಿ ಅದಕ್ಕಿಂತ ಕಡಿಮೆನೇ ಹಾಕೋದು. ಸೋಡಾ, ಐಸ್, ಚಕ್ಕಲಿ, ಕಾಂಗ್ರೆಸ್ ಕಡ್ಲೆ ಏನೂ ಇರಲ್ಲ. ಹೊಟ್ಟೆ ಅಗಲ, ಬಾಯಿ ಕಿರಿದಾದ ಗ್ಲಾಸು ಕೊಡ್ತಾರೆ. ಮೂಗನ್ನು ಗ್ಲಾಸಿನೊಳಗೆ ತುರುಕಬೇಡಿ, ಬಾಯಿ ಸ್ವಲ್ಪ ತೆರೆದು ಮೇಲಿಂದ ಮೂಸಿ. ಆಮೇಲೆ ಪಕ್ಕದಲ್ಲಿಟ್ಟ ನೀರನ್ನು ಹನಿ ಲೆಕ್ಕದಲ್ಲಿ ಹಾಕಿ ಮತ್ತೆ ಮೂಸಿ. ಎರಡನೇ ಸಲ ಬರೋ ವಾಸನೆಯೇ ಬೇರೆ. ಇದೊಂದು ಗೊತ್ತಾದ್ರೆ ಸಾಕು, ಉಳಿದ "ಇದರಲ್ಲಿ ಜೇನು, ಅದರಲ್ಲಿ ಕಿತ್ತಳೆ ಸಿಪ್ಪೆ" ಮಾತಿಗೆಲ್ಲ ತಲೆ ಆಡಿಸಿ ಸಾಕು.

ಗೈಡ್‌ಗೆ ಪ್ರಶ್ನೆ ಕೇಳೋದಿದ್ರೆ ಇದನ್ನು ಕೇಳಿ: ಪೀಪಾಯಿಯಿಂದ ವರ್ಷಕ್ಕೆ ಎಷ್ಟು ಆವಿಯಾಗಿ ಹೋಗುತ್ತೆ? ಸುಮಾರು ಶೇ. 2 ಅಂತಾರೆ. ನಮ್ಮ ಬೆಂಗಳೂರಿನ ಅಮೃತ್ ಡಿಸ್ಟಿಲರಿಯವರಿಗೆ ಅದು ಶೇ. 10ರ ಮೇಲೆ. ಅದಕ್ಕೇ ಸ್ಕಾಟ್ಲೆಂಡಿನಲ್ಲಿ 12, 18 ವರ್ಷ ಮಲಗಿಸಬಹುದು, ನಮ್ಮ ಸೆಕೆಯಲ್ಲಿ ಅಷ್ಟು ಕಾದರೆ ಪೀಪಾಯಿ ಬಹುಪಾಲು ಖಾಲಿ. ಕಾನೂನು ಪ್ರಕಾರ ಸ್ಕಾಚ್ ಅನ್ನಬೇಕಾದ್ರೆ ಓಕ್ ಪೀಪಾಯಿಯಲ್ಲಿ, ಸ್ಕಾಟ್ಲೆಂಡಿನಲ್ಲೇ, ಕನಿಷ್ಠ ಮೂರು ವರ್ಷ ಇರಬೇಕು. ಅಮೃತ್ ಸಿಂಗಲ್ ಮಾಲ್ಟ್ ಮೊದಲು ಮಾರುಕಟ್ಟೆಗೆ ಬಂದಿದ್ದು 2004ರಲ್ಲಿ, ಎಲ್ಲಿ ಗೊತ್ತಾ? ಗ್ಲಾಸ್ಗೋದಲ್ಲಿ. ಹುಲಿಯ ಗವಿಗೇ ಹೋಗಿ ಅಂಗಡಿ ಹಾಕಿದಂಗೆ! ಅಲ್ಲಿನ ಪಬ್ಬಿನಲ್ಲಿ ಕನ್ನಡನಾಡಿನ ಬಾಟಲಿ ನೋಡಿದಾಗ ಆಗಿದ್ದ ಖುಷಿ ಈಗಲೂ ಹಾಗೇ ಇದೆ.

ಸಾಧನಕೇರಿ ದಂಡೆ

ಫೈಫ್ ಕಡೆಯ ಟೂರ್ ಬಗ್ಗೆ ಯಾರೂ ಹೇಳಲಿಲ್ಲ. ಅಪ್ಪ ಜಾನ್ ಕೋರ್ ಎಲ್ಲಿಯವನು ಅಂತ ಕೇಳ್ತಿದ್ದಾರೆ.

ಉಣಕಲ್ ಹಳೇ ಹುಲಿ

ನಿಮ್ಮ ಅಪ್ಪಾರು ಸರಿಯಾದ ಜಾಗಕ್ಕೇ ಕೈ ಹಾಕಿದ್ರು. ಜಾನ್ ಕೋರ್ ಹೆಸರನ್ನು ಲಿಂಡೋರ್ಸ್ ಮಠದ ಜೊತೆ ಜೋಡಿಸ್ತಾರೆ. ಅದು ಫೈಫ್‌ನಲ್ಲೇ, ನ್ಯೂಬರ್ಗ್ ಅನ್ನೋ ಸಣ್ಣ ಊರಿನ ಹತ್ತಿರ. 12ನೇ ಶತಮಾನದ ಕೊನೆಗೆ ಸ್ಥಾಪನೆಯಾದ ಮಠ. ಈಗ ಉಳಿದಿರೋದು ಕೆಂಪು ಕಲ್ಲಿನ ಮುರುಕು ಗೋಡೆಗಳು, ಒಂದು ಕಮಾನು. 2017ರಲ್ಲಿ ಅದರ ಎದುರಿಗೇ ಹೊಸ ಡಿಸ್ಟಿಲರಿ ಶುರು ಮಾಡಿದ್ದಾರೆ. ರಸ್ತೆಯ ಒಂದು ಬದಿ ಮಠ, ಇನ್ನೊಂದು ಬದಿ ಭಟ್ಟಿ. ಇತಿಹಾಸ, ವಿಸ್ಕಿ ಎರಡಕ್ಕೂ ಬಸ್ಸು ಹತ್ತಬೇಕಿಲ್ಲ.

ಇದರ ಜೊತೆ ಸಾಮಾನ್ಯವಾಗಿ ಸೇಂಟ್ ಆಂಡ್ರೂಸ್ ಸೇರಿಸ್ತಾರೆ. ಅಲ್ಲಿನ ಕೆಥೆಡ್ರಲ್ ಈಗ ಪಾಳು, ಆದರೆ ಒಂದು ಕಾಲಕ್ಕೆ ಸ್ಕಾಟ್ಲೆಂಡಿನ ಅತಿ ದೊಡ್ಡ ಚರ್ಚು. 1318ರಲ್ಲಿ ರಾಬರ್ಟ್ ಬ್ರೂಸ್ ರಾಜನ ಎದುರು ಅದರ ಪ್ರತಿಷ್ಠೆ ಆಯ್ತು. ವಿಶ್ವವಿದ್ಯಾಲಯ 1413ರದ್ದು. ಸಮುದ್ರ ದಂಡೆ, ನೆಲ ಸಮತಟ್ಟು, ನಡೆಯೋಕೆ ಸುಲಭ. ಸ್ಟರ್ಲಿಂಗ್‌ನಲ್ಲಿ ಏರು, ಉಬ್ಬುಗಲ್ಲಿನ ಹಾಸು. ಡೂನ್‌ನಲ್ಲಿ ಕಿರಿದಾದ ಸುತ್ತು ಮೆಟ್ಟಿಲು. ಅವ್ವಾರ ಮೊಣಕಾಲು ಹೇಗಿದೆ ನೋಡಿ ತೀರ್ಮಾನ ಮಾಡಿ.

ನೇರ ಹೇಳ್ತೀನಿ. ವಿಸ್ಕಿ ರುಚಿಯೇ ಮುಖ್ಯ ಆಗಿದ್ದರೆ ಡೀನ್‌ಸ್ಟನ್, ಯಾಕಂದ್ರೆ ಅಲ್ಲಿ ಹಳೇ ಪೀಪಾಯಿಗಳಿವೆ. ಲಿಂಡೋರ್ಸ್ ಇನ್ನೂ ಎಳೆಯದು. ಕಥೆ ಮುಖ್ಯ ಆಗಿದ್ದರೆ ಲಿಂಡೋರ್ಸ್. ಆದರೆ ನಿಮ್ಮ ಅಪ್ಪಾರ ಜೊತೆ ನಾನು ಹೋಗೋದಾಗಿದ್ರೆ ಸ್ಟರ್ಲಿಂಗ್ ಬಿಡ್ತಿರಲಿಲ್ಲ. 1543ರಲ್ಲಿ ಒಂಬತ್ತು ತಿಂಗಳ ಕೂಸು ಮೇರಿಗೆ ಕಿರೀಟ ಇಟ್ಟಿದ್ದು ಅಲ್ಲೇ. ಅರಮನೆಯ ಛಾವಣಿಯಲ್ಲಿ ಓಕ್ ಮರದಲ್ಲಿ ಕೆತ್ತಿದ ದುಂಡು ಮುಖಗಳಿವೆ, ರಾಜರು, ರಾಣಿಯರು, ವಿದೂಷಕ. ಛಾವಣಿಯಲ್ಲಿ ಇರೋದು ಬಣ್ಣ ಬಳಿದ ನಕಲು. ಅಸಲು ಬೇರೆ ಕೋಣೆಯಲ್ಲಿ ಕಣ್ಣಿನ ಮಟ್ಟಕ್ಕೆ ಇಟ್ಟಿದ್ದಾರೆ. ಉಳಿಯ ಗುರುತು ಕಾಣುತ್ತೆ. ಅದರ ಮುಂದೆ ನಿಂತವರು ಬೇಗ ಹೊರಡಲ್ಲ. ಅದಕ್ಕೇ ಎರಡು ತಾಸು ಅಂದಿದ್ದು.

ಕೋರ್ಟ್ ಸರ್ಕಲ್

ಇಷ್ಟೆಲ್ಲ ಓದಿ ಹೊಟ್ಟೆ ಉರೀತಿದೆ. ವೀಸಾ ಇಲ್ಲದ ನಮ್ಮಂಥವರಿಗೆ ಒಂದು ಐಡಿಯಾ. ಗೋವಾದ ಕುಂಕಳ್ಳಿಯಲ್ಲಿ ಪೌಲ್ ಜಾನ್ ಡಿಸ್ಟಿಲರಿ ಇದೆ. ಸಿಂಗಲ್ ಮಾಲ್ಟ್, 2012ರಿಂದ ಮಾರುಕಟ್ಟೆಯಲ್ಲಿದೆ. ಒಳಗೆ ಸುತ್ತಾಡಿಸಿ ಟೇಸ್ಟಿಂಗ್ ಮಾಡಿಸ್ತಾರೆ, ಮೊದಲೇ ಬುಕ್ ಮಾಡಬೇಕು.

ಇತಿಹಾಸ ಬೇಕಲ್ಲ? ಹುಬ್ಬಳ್ಳಿಯಿಂದ ಅನ್ಮೋಡ ಘಾಟ್ ಇಳಿದರೆ ಕಾಡಿನೊಳಗೆ ತಾಂಬ್ಡಿ ಸುರ್ಲಾ ಮಹಾದೇವ ದೇವಸ್ಥಾನ. ಕದಂಬರ ಕಾಲದ್ದು, ಕರಿಕಲ್ಲಿನದು. ಕಾಡಿನ ಮೂಲೆಯಲ್ಲಿದ್ದಿದ್ದಕ್ಕೇ ಪೋರ್ಚುಗೀಸರ ಕೈಯಿಂದ ಬಚಾವಾಯ್ತು ಅಂತಾರೆ. ಇನ್ನು ಕುಂಕಳ್ಳಿ ಊರೇ ಇತಿಹಾಸ. 1583ರಲ್ಲಿ ಅಲ್ಲಿನ ಜನ ಪೋರ್ಚುಗೀಸರ ವಿರುದ್ಧ ತಿರುಗಿಬಿದ್ದರು. ಮಾತುಕತೆಗೆ ಬನ್ನಿ ಅಂತ ಊರ ಮುಖಂಡರನ್ನು ಅಸೊಳ್ಣೆ ಕೋಟೆಗೆ ಕರೆಸಿ ಕೊಂದರು. ಊರಲ್ಲಿ ಅವರ ಸ್ಮಾರಕ ಇದೆ. ಗೋವಾಕ್ಕೆ ಹೋಗೋ ನಮ್ಮ ಹುಡುಗರಲ್ಲಿ ಎಷ್ಟು ಜನ ಅದನ್ನು ನೋಡಿದ್ದಾರೆ?

ಬೆಳಿಗ್ಗೆ 5ಕ್ಕೆ ಬಿಟ್ಟರೆ ರಾತ್ರಿಗೆ ಹುಬ್ಬಳ್ಳಿ. ಮಳೆಗಾಲದಲ್ಲಿ ಬೇಡ, ಘಾಟ್ ರಸ್ತೆ ಕುಸಿಯೋದಿದೆ.

ನಿರ್ವಾಹಕ

ಚರ್ಚೆ ಚೆನ್ನಾಗಿದೆ, ಮುಂದುವರೀಲಿ. ಎರಡು ವಿಷಯ. ನಮ್ಮಲ್ಲಿ ಮಿತಿ ಇನ್ನೂ ಕಡಿಮೆ, 100 ಎಂಎಲ್ ರಕ್ತಕ್ಕೆ 30 ಮಿಲಿಗ್ರಾಂ. ಮೊದಲ ಸಲ ಸಿಕ್ಕಿಬಿದ್ದರೆ 10,000 ರೂಪಾಯಿ ದಂಡ, ಆರು ತಿಂಗಳ ತನಕ ಜೈಲು, ಅಥವಾ ಎರಡೂ. ಗೋವಾ ಪ್ಲ್ಯಾನ್ ಹಾಕೋರು ಕುಡಿಯದ ಡ್ರೈವರ್ ಇಟ್ಕೊಳ್ಳಿ. ಹಾಗೇ ಗೋವಾದಿಂದ ಪರ್ಮಿಟ್ ಇಲ್ಲದೆ ಬಾಟಲಿ ತಂದು ಚೆಕ್‌ಪೋಸ್ಟ್‌ನಲ್ಲಿ ಸಿಕ್ಕಿಬಿದ್ದ ಕಥೆಗಳನ್ನು ಇಲ್ಲಿ ಸಾಹಸ ಅಂತ ಬರೀಬೇಡಿ, ತೆಗೆದುಹಾಕ್ತೀನಿ.

ಸಾಧನಕೇರಿ ದಂಡೆ

ತೀರ್ಮಾನ ಆಯ್ತು. ಸ್ಟರ್ಲಿಂಗ್, ಡೀನ್‌ಸ್ಟನ್, ದಾರಿಯಲ್ಲಿ ಲಾಕ್ ಲೊಮಂಡ್. 16 ಸೀಟಿನ ಸಣ್ಣ ಬಸ್ಸು. ಉಣಕಲ್ ಅಣ್ಣಾವ್ರು ಹೇಳಿದ ಹಾಗೆ ಮೇಲ್ ಮಾಡಿ ಕೇಳಿದೆ: ಕೋಟೆಯಲ್ಲಿ ಎಷ್ಟು ನಿಮಿಷ, ಊಟ ಮೊದಲಾ ಟೇಸ್ಟಿಂಗ್ ಮೊದಲಾ ಅಂತ. ಒಂದು ಕಂಪನಿ ಉತ್ತರನೇ ಕೊಡಲಿಲ್ಲ. ಇನ್ನೊಬ್ಬರು "ಕೋಟೆಯಲ್ಲಿ ಎರಡು ತಾಸು, ಊಟ ಆದ ಮೇಲೆ ಡಿಸ್ಟಿಲರಿ" ಅಂತ ಬರೆದರು. ಅವರದ್ದೇ ಬುಕ್ ಮಾಡಿದೆ. ಲಿಂಡೋರ್ಸ್‌ಗೆ ಅಪ್ಪ, ಭಾವ ಇಬ್ಬರೇ ಬೇರೆ ದಿನ ಕಾರಲ್ಲಿ ಹೋಗ್ತಾರಂತೆ. ಓಡಿಸೋದು ಭಾವ, ಪುಟ್ಟ ಬಾಟಲಿ ನನಗೆ.

ಬಾಟಲಿ ತರೋದರ ಬಗ್ಗೆ ಒಂದು ಕೊನೇ ಪ್ರಶ್ನೆ. ದಿಲ್ಲಿ ಮೇಲೆ ಹುಬ್ಬಳ್ಳಿಗೆ ಬರೋದು. ಹೇಗೆ?

ತೋಳನಕೆರೆ ಅಕ್ಕ

ಒಬ್ಬರಿಗೆ ಎರಡು ಲೀಟರ್ ತನಕ ಸುಂಕ ಇಲ್ಲ. ದಿಲ್ಲಿಯಲ್ಲಿ ಕಸ್ಟಮ್ಸ್ ಮುಗಿಸಿ ಸೂಟ್‌ಕೇಸನ್ನು ಮತ್ತೆ ಹುಬ್ಬಳ್ಳಿ ವಿಮಾನಕ್ಕೆ ಕೊಡಬೇಕಲ್ಲ, ಡ್ಯೂಟಿ ಫ್ರೀಯಲ್ಲಿ ತಗೊಂಡಿದ್ದನ್ನೂ ಅಲ್ಲೇ ಸೂಟ್‌ಕೇಸಿಗೆ ಹಾಕಿಬಿಡಿ. ಕೈಚೀಲದಲ್ಲಿ ಇಟ್ಟುಕೊಂಡು ಸೆಕ್ಯೂರಿಟಿಯವರ ಜೊತೆ ವಾದ ಮಾಡೋದು ಬೇಡ. ಅವ್ವಾರ ಸ್ವೆಟರಲ್ಲಿ ಸುತ್ತಿ. ಬ್ರಿಟನ್ನಿನಲ್ಲಿ ಟೂರಿಸ್ಟರಿಗೆ ವ್ಯಾಟ್ ವಾಪಸ್ ಕೊಡೋದು 2021ರಲ್ಲೇ ನಿಂತಿದೆ, ಅಂಗಡಿಯವರು ಏನಾದ್ರೂ ಹೇಳಿದ್ರೆ ನಂಬಬೇಡಿ.

ಬ್ಯಾಡಗಿ ಖಾರ

@ಕೋರ್ಟ್ ಸರ್ಕಲ್, ತಾಂಬ್ಡಿ ಸುರ್ಲಾ, ಕುಂಕಳ್ಳಿ ಸ್ಮಾರಕ ಎರಡೂ ಇದ್ದರೆ ನಾನೂ ಬರ್ತೀನಿ. ನಾನು ಕುಡಿಯಲ್ಲ, ಗಾಡಿ ನಾನೇ ಓಡಿಸ್ತೀನಿ. ಆದರೆ ಒಂದು ಷರತ್ತು. ಮುಂದಿನ ಭಾನುವಾರ ನೀವೆಲ್ಲ ನನ್ನ ಜೊತೆ ಲಕ್ಕುಂಡಿಗೆ ಬರಬೇಕು. ಸಾಧನಕೇರಿಯವರ ಅಪ್ಪಾರು ಗೈಡ್.

ಸಾಧನಕೇರಿ ದಂಡೆ

ಅಪ್ಪ ಒಪ್ಪಿದ್ರು. ಮುಸುಕಿನ ಬಾವಿ ಹತ್ತಿರ ಬೆಳಿಗ್ಗೆ 8ಕ್ಕೆ ಇರ್ರಿ, ಬಿಸಿಲೇರಿದ್ರೆ ಕಲ್ಲು ಸುಡುತ್ತೆ ಅಂತಿದ್ದಾರೆ. ಮತ್ತೆ, ಅರ್ಧ ತಾಸಲ್ಲಿ ಹೊರಡೋರು ಬರೋದೇ ಬೇಡವಂತೆ.

ಕೋರ್ಟ್ ಸರ್ಕಲ್

ಏಳು ಸೀಟಿನ ಗಾಡಿ ನಂದಿದೆ. ಗದಗ ಜಿನ್ನಿಂಗ್ ಅಣ್ಣಾ, ಮಧ್ಯಾಹ್ನ ಊಟ ನಿಮ್ಮ ಊರಲ್ಲಿ ಎಲ್ಲಿ ಅಂತ ಹೇಳಿಬಿಡಿ.